ಬೋರ್ಡಿನ ಮುಂದೆ ಕೂರದ ಗ್ರ್ಯಾಂಡ್‌ಮಾಸ್ಟರ್‌ಗಳು

ಚೆನ್ನೈಗೆ ಬಂದು ನನಗೆ ಒಂಬತ್ತು ವರ್ಷ ಆಯ್ತು. ಊರು ಹಾಸನದ ಕಡೆ. ಕೆಲಸ ಸಾಫ್ಟ್‌ವೇರ್, ಅದನ್ನ ಬೇರೆ ಹೇಳಬೇಕಾಗಿಲ್ಲ, ಇಲ್ಲಿ ಕೂತಿರೋರಲ್ಲಿ ಮುಕ್ಕಾಲು ಪಾಲು ಅದೇ. ಚೆಸ್ ಆಡ್ತೀನಿ, ಆದರೆ ಚೆನ್ನಾಗೇನಲ್ಲ. ಎಂಟೆಕ್ ಓದುವಾಗ ಹಾಸ್ಟೆಲಿನಲ್ಲಿ ಸೋತ ಆಟಗಳನ್ನೆಲ್ಲ ಲೆಕ್ಕ ಹಾಕಿದ್ದರೆ ಇನ್ನೊಂದು ಡಿಗ್ರಿ ಕೊಡಬೇಕಿತ್ತು.

2024ರ ಡಿಸೆಂಬರ್ 12. ಸಿಂಗಾಪುರದಲ್ಲಿ ಗುಕೇಶ್ ಡಿಂಗ್ ಲಿರೆನ್ ಅವರನ್ನು 7.5–6.5ರಿಂದ ಸೋಲಿಸಿ, 18ನೇ ವಯಸ್ಸಿಗೆ ವಿಶ್ವ ಚಾಂಪಿಯನ್ ಆದರು. ನಮ್ಮಪ್ಪ ಆಗ ಊರಿಂದ ಬಂದು ನಮ್ಮ ಮನೆಯಲ್ಲೇ ಇದ್ದರು. ಅವರಿಗೆ ಚೆಸ್ ಬರಲ್ಲ. ಟಿವಿಯಲ್ಲಿ ಆ ಹುಡುಗ ಅಳೋದನ್ನ ನೋಡಿ ತಾವೂ ಕಣ್ಣೊರೆಸಿಕೊಂಡರು. ಆಮೇಲೆ ಕೇಳಿದರು, "ಅದ್ಸರಿ ಕಣೋ, ಇವನಿಗೆ ಇಷ್ಟು ದಿನ ಹೇಳಿಕೊಟ್ಟೋರು ಯಾರು? ಅವರನ್ನ ಯಾಕೆ ತೋರಿಸ್ತಿಲ್ಲ?"

ಆ ಪ್ರಶ್ನೆ ನನಗೆ ಚುಚ್ಚಿತು. ಯಾಕೆ ಅಂತ ಆಮೇಲೆ ಹೇಳ್ತೀನಿ.

ಚೆಸ್‌ನಲ್ಲಿ ಇವರಿಗೆ ಸೆಕೆಂಡ್ ಅಂತ ಹೆಸರು. ಅಂದರೆ ಸಹಾಯಕ. ಆದರೆ ಯಾರೋ ಕಲಿಯೋ ಹುಡುಗರನ್ನ ಇಟ್ಟುಕೊಳ್ಳೋದಲ್ಲ. ಇವರೂ ಗ್ರ್ಯಾಂಡ್‌ಮಾಸ್ಟರ್‌ಗಳೇ. 2500 ರೇಟಿಂಗ್ ದಾಟಿ, ಮೂರು ನಾರ್ಮ್ ಗಳಿಸಿ, ಬಾಲ್ಯವನ್ನೆಲ್ಲ ಆ 64 ಮನೆಗಳಿಗೇ ಕೊಟ್ಟು ಆ ಪದವಿ ಪಡೆದವರು. ಅಂಥವರು ತಿಂಗಳುಗಟ್ಟಲೆ ಇನ್ನೊಬ್ಬರಿಗೋಸ್ಕರ ಓಪನಿಂಗ್ ಹುಡುಕ್ತಾರೆ. ಆಟಗಾರ ಮಲಗಿದ ಮೇಲೆ ಇವರ ಶಿಫ್ಟ್ ಶುರು. ರಾತ್ರಿಯಿಡೀ ಎಂಜಿನ್ ಓಡಿಸಿ, ಎದುರಾಳಿ ಎಲ್ಲೆಲ್ಲಿ ತಿರುಗಬಹುದು ಅಂತ ನೋಡಿ, ಬೆಳಿಗ್ಗೆ ಒಂದು ಫೈಲ್ ರೆಡಿ ಮಾಡಿ ಇಡ್ತಾರೆ. ಅದರಲ್ಲಿ ನೂರಕ್ಕೆ ತೊಂಬತ್ತು ಭಾಗ ಬೋರ್ಡಿಗೆ ಬರೋದೇ ಇಲ್ಲ. ನಮ್ಮ ಡಿಸೈನ್ ಡಾಕ್ಯುಮೆಂಟುಗಳ ಥರಾನೇ.

ಒಂದು ಉದಾಹರಣೆ ಹೇಳ್ತೀನಿ. 2008, ಬಾನ್ ನಗರ, ಆನಂದ್ ಮತ್ತು ಕ್ರಾಮ್ನಿಕ್ ನಡುವೆ ವಿಶ್ವ ಚಾಂಪಿಯನ್‌ಶಿಪ್. ಆನಂದ್ ಜೊತೆ ನಾಲ್ಕು ಜನ ಇದ್ದರು: ಡೆನ್ಮಾರ್ಕಿನ ಪೀಟರ್ ಹೈನ್ ನೀಲ್ಸನ್, ಉಜ್ಬೇಕಿಸ್ತಾನದ ರುಸ್ತಮ್ ಕಾಸಿಮ್‌ಜಾನೋವ್, ಪೋಲೆಂಡಿನ ರಾಡೊಸ್ಲಾವ್ ವೊಯ್ಟಾಶೆಕ್, ಕೋಲ್ಕತ್ತದ ಸೂರ್ಯಶೇಖರ ಗಂಗೂಲಿ. ಕಾಸಿಮ್‌ಜಾನೋವ್ ಯಾರು ಗೊತ್ತಾ? 2004ರಲ್ಲಿ ಟ್ರಿಪೋಲಿಯಲ್ಲಿ ಗೆದ್ದ ಫಿಡೆ ವಿಶ್ವ ಚಾಂಪಿಯನ್! ಗಂಗೂಲಿ 2003ರಿಂದ 2008ರವರೆಗೆ ಸತತ ಆರು ಸಲ ರಾಷ್ಟ್ರೀಯ ಚಾಂಪಿಯನ್. ಇಂಥವರು ಕೂತು ಇನ್ನೊಬ್ಬರ ಫೈಲ್ ತಯಾರು ಮಾಡ್ತಿದ್ದರು.

ಆ ಪಂದ್ಯದ ಮೂರನೇ ಮತ್ತು ಐದನೇ ಆಟ ಎರಡರಲ್ಲೂ ಕಪ್ಪು ಕಾಯಿ ಹಿಡಿದ ಆನಂದ್ ಮೆರಾನ್ ಅನ್ನೋ ಓಪನಿಂಗಿನ ಅದೇ ದಾರಿ ಹಿಡಿದು ಗೆದ್ದರು. ಕಪ್ಪು ಕಾಯಿಯಲ್ಲಿ, ಅದೂ ಕ್ರಾಮ್ನಿಕ್ ಮೇಲೆ, ಒಂದೇ ಆಯುಧದಿಂದ ಎರಡು ಸಲ. ಪಂದ್ಯ 6.5–4.5ಕ್ಕೆ ಮುಗೀತು. ಪೇಪರಿನಲ್ಲಿ ಆನಂದ್ ಫೋಟೋ ಬಂತು. ಬರಲೇಬೇಕು ಬಿಡಿ, ಬೋರ್ಡಿನ ಮುಂದೆ ಬೆವರಿದ್ದು ಅವರೇ.

ಇದರ ಇನ್ನೊಂದು ಮುಖಾನೂ ಇದೆ. 2010ರಲ್ಲಿ ಟೋಪಲೋವ್ ವಿರುದ್ಧ ಪಂದ್ಯ, ಅವರದೇ ದೇಶದ ಸೋಫಿಯಾದಲ್ಲಿ. ಐಸ್‌ಲ್ಯಾಂಡಿನ ಜ್ವಾಲಾಮುಖಿ ಬೂದಿಯಿಂದ ವಿಮಾನಗಳೆಲ್ಲ ನಿಂತು, ಆನಂದ್ ಫ್ರಾಂಕ್‌ಫರ್ಟಿನಿಂದ ಸುಮಾರು 40 ಗಂಟೆ ರಸ್ತೆಯಲ್ಲೇ ಬಂದರು. ಮೂರು ದಿನ ಮುಂದೂಡಿ ಅಂತ ಕೇಳಿದರೆ ಸಿಕ್ಕಿದ್ದು ಒಂದೇ ದಿನ. ಮೊದಲನೇ ಆಟದಲ್ಲೇ ತಯಾರಿ ಮಾಡಿಕೊಂಡಿದ್ದ ನಡೆಗಳು ತಲೆಯಲ್ಲಿ ಕಲಸಿಹೋಗಿ ಸೋತರು. ಉತ್ತರ ಫೈಲಿನಲ್ಲಿತ್ತು, ಆಟಗಾರನ ತಲೆಯಲ್ಲಿ ಆ ಹೊತ್ತಿಗೆ ಇರಲಿಲ್ಲ. ಅದನ್ನ ತಯಾರು ಮಾಡಿದವನಿಗೆ ಪರದೆ ಮುಂದೆ ಕೂತು ಅದನ್ನ ನೋಡೋಕೆ ಹೇಗನಿಸಿರಬಹುದು? ಪ್ರೊಡಕ್ಷನ್‌ನಲ್ಲಿ ಯಾರೋ ರನ್‌ಬುಕ್ ಓದದೆ ಸರ್ವರ್ ರೀಸ್ಟಾರ್ಟ್ ಮಾಡೋದನ್ನ ನೋಡಿದವರಿಗೆ ಸ್ವಲ್ಪ ಗೊತ್ತಿರುತ್ತೆ. ಆದರೂ ಕೊನೆಯ 12ನೇ ಆಟದಲ್ಲಿ, ಮತ್ತೆ ಕಪ್ಪು ಕಾಯಿಯಲ್ಲಿ, ಆನಂದ್ ಗೆದ್ದು ಪಟ್ಟ ಉಳಿಸಿಕೊಂಡರು. ಪಂದ್ಯ ಮುಗಿದ ಮೇಲೆ ಕಾಸ್ಪರೋವ್, ಕ್ರಾಮ್ನಿಕ್, ಕಾರ್ಲ್‌ಸನ್ ಕೂಡ ತಮಗೆ ಸಹಾಯ ಮಾಡಿದ್ದರು ಅಂತ ಬಹಿರಂಗವಾಗಿ ಹೇಳಿದರು. ಎರಡು ವರ್ಷದ ಹಿಂದೆ ಎದುರು ಕೂತು ಸೋತ ಕ್ರಾಮ್ನಿಕ್ಕೂ ಆ ಪಟ್ಟಿಯಲ್ಲಿದ್ದರು ನೋಡಿ.

ನನಗೆ ತುಂಬಾ ಇಷ್ಟವಾದ ಕಥೆ ನೀಲ್ಸನ್ ಅವರದು. ಆನಂದ್ ಜೊತೆ ವರ್ಷಗಟ್ಟಲೆ ಇದ್ದು, 2013ರಲ್ಲಿ ಕಾರ್ಲ್‌ಸನ್ ಕಡೆ ಹೋದರು. ಅದೇ ವರ್ಷ ನವೆಂಬರಿನಲ್ಲಿ, ಇಲ್ಲೇ ನಮ್ಮ ಚೆನ್ನೈನಲ್ಲಿ, ಆನಂದ್–ಕಾರ್ಲ್‌ಸನ್ ಪಂದ್ಯ ಬಂತು. ಆನಂದ್ ಅವರ ಇಡೀ ಸೋರ್ಸ್ ಕೋಡ್ ಈ ಮನುಷ್ಯನ ತಲೆಯಲ್ಲಿದೆ! ನೀಲ್ಸನ್ ಆ ಒಂದು ಪಂದ್ಯಕ್ಕೆ ಯಾರ ಕಡೆಗೂ ಕೆಲಸ ಮಾಡಲಿಲ್ಲ, ದೂರ ಉಳಿದರು. ಕಾರ್ಲ್‌ಸನ್ ಅವರಿಲ್ಲದೇ 6.5–3.5ಕ್ಕೆ ಗೆದ್ದರು. ಕಂಪನಿ ಬದಲಾಯಿಸುವಾಗ ನಾವು ಸಹಿ ಹಾಕೋ ಕಾಗದಗಳನ್ನ ಎಷ್ಟು ಜನ ಪೂರ್ತಿ ಓದಿದ್ದೀರಿ? ನಾನಂತೂ ಓದಿಲ್ಲ.

ಹಾಗಾದರೆ ಸೆಕೆಂಡ್ ಆದವರ ಸ್ವಂತ ಆಟ ಹಾಳಾಗುತ್ತಾ? ಸಮಯವಂತೂ ಹೋಗುತ್ತೆ, ಅದು ನಿಜ. ಬಚ್ಚಿಟ್ಟುಕೊಂಡಿದ್ದ ಒಳ್ಳೆ ಐಡಿಯಾಗಳೂ ಹೋಗುತ್ತವೆ. ಆದರೆ ವೊಯ್ಟಾಶೆಕ್ 2015ರಲ್ಲಿ ವೈಕ್ ಆನ್ ಜೀ ಟೂರ್ನಿಯಲ್ಲಿ ಕಾರ್ಲ್‌ಸನ್ ಮತ್ತು ಕರುವಾನಾ ಇಬ್ಬರನ್ನೂ ಸೋಲಿಸಿದರು. ದೊಡ್ಡವರ ಪಕ್ಕ ಕೂತು ಕಲಿತದ್ದು ಎಲ್ಲೋ ಒಳಗೆ ಇಳಿದಿರುತ್ತೆ ಅಂತ ನನ್ನ ಅನಿಸಿಕೆ. ಎಲ್ಲರಿಗೂ ಹಾಗಾಗುತ್ತೆ ಅಂತ ಮಾತ್ರ ನಾನು ಹೇಳಲ್ಲ.

ಈಗ ಅಪ್ಪನ ಪ್ರಶ್ನೆಗೆ ಬರ್ತೀನಿ. ಗುಕೇಶ್ ಗೆದ್ದ ಮೇಲೆ ತಮ್ಮ ತಂಡದವರ ಹೆಸರನ್ನೆಲ್ಲ ಹೇಳಿದರು. ಮುಖ್ಯ ತರಬೇತುದಾರ ಪೋಲೆಂಡಿನ ಗಜೆವ್‌ಸ್ಕಿ, ಇವರು 2014ರಲ್ಲಿ ಆನಂದ್ ತಂಡದಲ್ಲಿದ್ದವರು. ಜೊತೆಗೆ ಗುಂಟೂರಿನ ಹರಿಕೃಷ್ಣ, 2021ರ ವಿಶ್ವಕಪ್ ಗೆದ್ದಿದ್ದ ಡೂಡಾ, ಜರ್ಮನಿಯ ಕೀಮರ್. ಮತ್ತೆ ಅದೇ ವೊಯ್ಟಾಶೆಕ್! ಬಾನ್‌ನಲ್ಲಿ ಆನಂದ್‌ಗೆ ಫೈಲ್ ಮಾಡಿಕೊಟ್ಟ ಮನುಷ್ಯ 16 ವರ್ಷ ಆದಮೇಲೆ ಗುಕೇಶ್‌ಗೂ ಮಾಡಿಕೊಟ್ಟರು. 2008ರಲ್ಲಿ ಗುಕೇಶ್‌ಗೆ ಎರಡು ವರ್ಷ. ಹರಿಕೃಷ್ಣ ಅವರದ್ದೂ ಸಣ್ಣ ಹೆಸರಲ್ಲ, 2004ರ ಜೂನಿಯರ್ ವಿಶ್ವ ಚಾಂಪಿಯನ್, ಒಂದು ಕಾಲಕ್ಕೆ ವಿಶ್ವದ ಮೊದಲ ಹತ್ತರಲ್ಲಿದ್ದವರು. ಅವರಿಗೆ ಕ್ಲಾಸಿಕಲ್ ವಿಶ್ವ ಪಟ್ಟದ ಪಂದ್ಯ ಆಡುವ ಅವಕಾಶ ಸಿಗಲಿಲ್ಲ. ಇದನ್ನೆಲ್ಲ ಅಪ್ಪನಿಗೆ ಹೇಳಿದೆ. "ಅವರಿಗೆ ಬೇಜಾರಾಗಲ್ವಾ?" ಅಂದರು. ನನಗೆ ಉತ್ತರ ಗೊತ್ತಿರಲಿಲ್ಲ.

ಚುಚ್ಚಿದ್ದು ಯಾಕೆ ಅಂದರೆ, ಅದಕ್ಕೆ ಒಂದು ವಾರ ಮೊದಲು ನಾನು ನಾಲ್ಕು ತಿಂಗಳು ಕೂತು ಮಾಡಿದ ಡಿಸೈನನ್ನ ನಮ್ಮ ಟೀಮಿನ ಇನ್ನೊಬ್ಬರು ಕ್ಲೈಂಟ್ ಮುಂದೆ ಪ್ರೆಸೆಂಟ್ ಮಾಡಿದ್ದರು. ಚೆನ್ನಾಗೇ ಮಾಡಿದರು, ನನಗಿಂತ ಚೆನ್ನಾಗಿ. ಆದರೆ 30 ಸ್ಲೈಡಿನಲ್ಲಿ ಎಲ್ಲೂ ನನ್ನ ಹೆಸರಿಲ್ಲ. ರಾಜೀನಾಮೆ ಮೇಲ್ ಡ್ರಾಫ್ಟಿನಲ್ಲಿ ಬರೆದಿಟ್ಟಿದ್ದೆ. ನಿಜಕ್ಕೂ. ಗುಕೇಶ್ ಹೆಸರುಗಳನ್ನ ಹೇಳಿದ್ದು ಕೇಳಿದ ಮೇಲೆ ನನಗೆ ಅರ್ಥವಾಗಿದ್ದು ಇಷ್ಟೇ: ಹಿಂದೆ ಕೂತು ಕೆಲಸ ಮಾಡೋದಕ್ಕೆ ನನಗೆ ಕೋಪ ಇರಲಿಲ್ಲ, ಆ ಕೆಲಸ ನನಗೆ ಇಷ್ಟ. ಕೋಪ ಇದ್ದದ್ದು ಯಾರೂ ಹೇಳಲಿಲ್ಲ ಅನ್ನೋದಕ್ಕೆ.

ಮೇಲ್ ಕಳಿಸಲಿಲ್ಲ. ಮ್ಯಾನೇಜರ್ ಹತ್ತಿರ ಹೋಗಿ, ಮುಂದಿನ ಸಲದಿಂದ ಕೊನೇ ಸ್ಲೈಡಿನಲ್ಲಿ ಕೆಲಸ ಮಾಡಿದ ಎಲ್ಲರ ಹೆಸರು ಹಾಕೋಣ ಅಂದೆ. "ನೋಡೋಣ" ಅಂದರು. ಎರಡು ತಿಂಗಳಾದ ಮೇಲೆ ಹಾಕಿದರು, ಹನ್ನೊಂದು ಹೆಸರು. ನನ್ನದರ ಸ್ಪೆಲ್ಲಿಂಗ್ ತಪ್ಪಾಗಿತ್ತು, ತಮಿಳಿನವರ ಥರ ಕೊನೆಯಲ್ಲಿ ಒಂದು 'ನ್' ಸೇರಿಸಿದ್ದರು. ಅಪ್ಪನಿಗೆ ಫೋಟೋ ತೆಗೆದು ಕಳಿಸಿದೆ.

ಪ್ರಶ್ನೆಗಳಿದ್ದರೆ ಕೇಳಿ.