ರಸ್ತೆ ಯಾರದು, ಹೊಲ ಯಾರದು?

ಹಾಸ್ಟೆಲ್ ಗೆಳೆಯರೆ,

ಬೆಳಗಾವಿಯ ಶಹಾಪುರದಿಂದ ಹಳೇ ಪಿ.ಬಿ. ರಸ್ತೆಗೆ ಹೋಗೋ ಒಂದು ರಸ್ತೆಯನ್ನು ಖಾಸಗಿ ಜಾಗದಾಗ, ಸ್ವಾಧೀನದ ಕ್ರಮವಿಲ್ಲದೆ ಮಾಡಿಬಿಟ್ಟರು. ಮಾಲೀಕರು ಹೈಕೋರ್ಟಿನ ಧಾರವಾಡ ಪೀಠಕ್ಕೆ ಹೋದರು. 20 ಕೋಟಿ ರೂಪಾಯಿ ಪರಿಹಾರ ಪಾಲಿಕೆಯ ತಲೆ ಮೇಲೆ ಬಂತು. 2024ರಲ್ಲಿ ಪಾಲಿಕೆ ಆ ಜಾಗವನ್ನೇ ವಾಪಸು ಕೊಟ್ಟಿತು.

ಕೋರ್ಟಿಗೆ ಅಲೆಯುವ ತಾಕತ್ತಿದ್ದವರ ಮಾತಾಯ್ತು ಇದು. ಖಾನಾಪುರದ ಹಳ್ಳಿಯ ನಮ್ಮ ಅಪ್ಪಂದಿರ ಗತಿ? ಜೆಸಿಬಿ ಬಂದು ನಿಂತು 'ಸರ್ಕಾರದ ಕೆಲಸ' ಅಂದರೆ ಸಾಕು, ಕೈಮುಗಿದು ಬದುವಿಗೆ ಸರಿದು ನಿಲ್ಲುತ್ತೇವೆ. ಬದುವೂ ಉಳಿಯೋದಿಲ್ಲ.

ಹಿಮಾಚಲದ ವಿದ್ಯಾದೇವಿ ಪ್ರಕರಣ ಓದಿರಿ. ಓದುಬರಹ ಬಾರದ ವಿಧವೆ. 1967-68ರಲ್ಲಿ ಆಕೆಯ ಹೊಲ ರಸ್ತೆಗೆ ಹೋಗಿತ್ತು, ಪರಿಹಾರವಿಲ್ಲ. ಇಷ್ಟು ವರ್ಷ ಅನುಭವಿಸಿದ್ದೇವೆ, ಜಾಗ ನಮ್ಮದೇ ಎಂದು ಸರ್ಕಾರವೇ ವಾದಿಸಿತು! 2020ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಳ್ಳಿಹಾಕಿ ಪರಿಹಾರ ಕೊಡಿಸಿತು. ಕಾನೂನಿನ ಅಧಿಕಾರವಿಲ್ಲದೆ ಯಾರ ಆಸ್ತಿಯನ್ನೂ ಕಸಿಯುವಂತಿಲ್ಲ ಎನ್ನುತ್ತದೆ ಸಂವಿಧಾನದ 300ಎ ವಿಧಿ.

ರಜೆಗೆ ಊರಿಗೆ ಹೋದಾಗ ಮೊದಲು ಉತಾರ ತೆಗೆಸೋಣ. ಇನ್ನೂ ಸತ್ತ ಅಜ್ಜನ ಹೆಸರೇ ಇದ್ದರೆ ವಾರಸಾ ಮಾಡಿಸೋಣ, ಹದ್ದುಬಸ್ತಿಗೆ ಅರ್ಜಿ ಕೊಡೋಣ. ಗುರುತಿನ ಕಲ್ಲು ನೆಡಲು ಬಂದವರನ್ನು ಸ್ವಾಧೀನದ ನೋಟಿಸು ಎಲ್ಲಿ ಎಂದು ಕೇಳೋಣ. ಇಲ್ಲವೆಂದರೆ ಅಂದೇ ತಕರಾರು ಅರ್ಜಿ ಬರೆದು, ಸ್ವೀಕೃತಿ ಸಿಗುವ ತನಕ ಕಚೇರಿ ಬಿಟ್ಟು ಕದಲೋದು ಬ್ಯಾಡ. ಖಾಲಿ ಕಾಗದಕ್ಕೆ ಹೆಬ್ಬೆಟ್ಟು ಒತ್ತಬ್ಯಾಡ ಅಂತ ಅವ್ವನಿಗೆ ಇವತ್ತೇ ಹೇಳಿ ಕಳಿಸೋಣ.