ಮುಖ ಮುಚ್ಚಿ, ಚಲನ್ ತೋರಿಸಿ



ಭಾಷಣ ನನಗೆ ಬರುವುದಿಲ್ಲ. ಪ್ರೆಸ್ ನಡೆಸುವವನು, ಪಿಯುಸಿಗೇ ಓದು ಮುಗಿಸಿದವನು. ಆದರೆ ನಾನು ಮಾಡಿದ ಒಂದು ತಪ್ಪನ್ನು ನಿಮ್ಮ ಮುಂದೆ ಒಪ್ಪಿಕೊಳ್ಳಬೇಕು.

ಎರಡು ವರ್ಷದ ಹಿಂದೆ ನಮ್ಮ ಹುಡುಗರು ಮೊಬೈಲಿನಲ್ಲಿ ಒಂದು ವಿಡಿಯೋ ತಂದರು. ಬಟ್ಟೆ ಅಂಗಡಿಯ ಬಿಲ್ ಕೌಂಟರಿನಲ್ಲಿ ಒಬ್ಬ ಹುಡುಗಿ ತೆಲುಗಿನಲ್ಲಿ ಮಾತಾಡುತ್ತಿದ್ದಾಳೆ. ಹನ್ನೊಂದು ಸೆಕೆಂಡು, ಅಷ್ಟೇ. ‘ಕನ್ನಡ ದ್ರೋಹಿ’ ಅಂತ ಅವಳ ಮುಖ ಹಾಕಿ ಪೋಸ್ಟರ್ ಮಾಡಿಕೊಡಿ ಅಂದರು. ನನ್ನ ರಕ್ತವೂ ಕುದಿಯಿತು. ಕಾಸು ಕೇಳದೆ ಐನೂರು ಪ್ರತಿ ಹೊಡೆದುಕೊಟ್ಟೆ.

ನಾಲ್ಕನೇ ದಿನ ಅವಳ ಅಪ್ಪ ಪ್ರೆಸ್ಸಿಗೆ ಬಂದರು. ಊರು ಹೇಳಲಾರೆ, ಆಂಧ್ರದ ಗಡಿಗೆ ಅಂಟಿಕೊಂಡ ನಮ್ಮದೇ ತಾಲೂಕು. ಮನೆಮಾತು ತೆಲುಗು. ಮಗಳು ಹತ್ತನೆಯವರೆಗೂ ಓದಿದ್ದು ಕನ್ನಡ ಮಾಧ್ಯಮದಲ್ಲಿ. ಅವಳು ಮಾತಾಡುತ್ತಿದ್ದದ್ದು ಪಕ್ಕದ ಕೌಂಟರಿನಲ್ಲಿದ್ದ ತನ್ನೂರಿನವಳ ಜೊತೆ, ಗಿರಾಕಿ ಜೊತೆ ಅಲ್ಲವೇ ಅಲ್ಲ. ಕೆಲಸ ಹೋಗಿತ್ತು. ಆ ಮನುಷ್ಯ ಬೈಯಲಿಲ್ಲ. ಪೋಸ್ಟರ್ ಮೇಜಿನ ಮೇಲಿಟ್ಟು, ‘ಇದರಲ್ಲಿ ಕಾಗುಣಿತ ತಪ್ಪಿದೆಯಂತೆ ಸಾರ್, ಮಗಳು ತೋರಿಸಿದಳು’ ಅಂದರು.

ಗೋಡೆಯ ಮೇಲಿದ್ದದ್ದನ್ನು ನಾನೇ ರಾತ್ರಿ ಹೋಗಿ ಕಿತ್ತೆ. ಫೋನಿನಿಂದ ಫೋನಿಗೆ ಹೋದದ್ದನ್ನು ಎಲ್ಲಿ ಅಂತ ಕೀಳಲಿ?

ಖಾಸಗಿತನ ಅಂದರೆ ಇಂಗ್ಲಿಷ್ ಓದಿದವರ ಶೋಕಿ ಅಂದುಕೊಳ್ಳಬೇಡಿ. ಆಧಾರ್ ವಿರುದ್ಧ 2012ರಲ್ಲಿ ಸುಪ್ರೀಂ ಕೋರ್ಟಿಗೆ ಹೋದವರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು. ಆ ಮೊಕದ್ದಮೆಯಲ್ಲೇ 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠ ಖಾಸಗಿತನ ಮೂಲಭೂತ ಹಕ್ಕು ಎಂದು ಒಮ್ಮತದಿಂದ ಹೇಳಿತು. ಇಡೀ ದೇಶ ಅದನ್ನು ಪುಟ್ಟಸ್ವಾಮಿ ತೀರ್ಪು ಅಂತಲೇ ಕರೆಯುತ್ತದೆ. ನಮ್ಮ ಹುಡುಗರಿಗೆ ಮಾತ್ರ ಗೊತ್ತಿಲ್ಲ!

ಹಾಗಂತ ವಿಡಿಯೋನೇ ಬೇಡ ಅನ್ನುತ್ತಿಲ್ಲ. 2025ರ ಮೇ ತಿಂಗಳಲ್ಲಿ ಆನೇಕಲ್ ತಾಲೂಕಿನ ಬ್ಯಾಂಕ್ ಮ್ಯಾನೇಜರೊಬ್ಬರು ಕನ್ನಡ ಮಾತಾಡುವುದೇ ಇಲ್ಲ ಎಂದದ್ದು ಬಯಲಾದದ್ದು ವಿಡಿಯೋದಿಂದಲೇ. ಮುಖ್ಯಮಂತ್ರಿ ಸಿದ್ದರಾಮಯ್ಯನವರು ಖಂಡಿಸಿದರು, ವರ್ಗಾವಣೆಯೂ ಆಯಿತು. ಆ ಮುಖದ ಬಗ್ಗೆ ವಾರಗಟ್ಟಲೆ ಮಾತಾಡಿದೆವು. ಚಲನ್ ಬಗ್ಗೆ ಕೇಳಿದವರನ್ನು ನಾನು ಕಾಣಲಿಲ್ಲ. ಚಲನ್, ಪಾಸ್‌ಬುಕ್, ಖಾತೆ ತೆರೆಯುವ ಅರ್ಜಿ ಎಲ್ಲ ಹಿಂದಿ, ಇಂಗ್ಲಿಷ್ ಜೊತೆಗೆ ಆಯಾ ರಾಜ್ಯದ ಭಾಷೆಯಲ್ಲೂ ಇರಬೇಕು ಎಂದು ರಿಸರ್ವ್ ಬ್ಯಾಂಕು 2015ರ ಸುತ್ತೋಲೆಯಲ್ಲೇ ಹೇಳಿದೆ. ಅಚ್ಚಿನವನಾದ್ದರಿಂದ ನನ್ನ ಕಣ್ಣು ಮೊದಲು ಹೋಗುವುದೇ ಅಲ್ಲಿಗೆ.

ನಾಳೆ ಬ್ಯಾಂಕಿಗೆ ಹೋದಾಗ ಕನ್ನಡವಿಲ್ಲದ ಚಲನ್ ಕಂಡರೆ ಅದರ ಪಟ ತೆಗೆಯಿರಿ. ಶಾಖೆಯ ಬೋರ್ಡು, ತಾರೀಖು ಕಾಣಲಿ. ಕೌಂಟರಿನವರ ಮುಖ, ಸಾಲಿನಲ್ಲಿ ನಿಂತ ಅಜ್ಜಿಯ ಮುಖ ಮುಚ್ಚಿ. ಮಾತು ರೆಕಾರ್ಡ್ ಮಾಡಿದ್ದರೆ ಹಿಂದುಮುಂದು ಕತ್ತರಿಸಬೇಡಿ. ನನ್ನ ಪ್ರೆಸ್ಸಿಗೆ ತನ್ನಿ, ಪುಕ್ಕಟೆ ಹೊಡೆದುಕೊಡುತ್ತೇನೆ. ಮುಖ ಹಾಕಿದ ಪೋಸ್ಟರ್ ಮಾತ್ರ ಎಷ್ಟು ಕಾಸು ಕೊಟ್ಟರೂ ಹೊಡೆಯುವುದಿಲ್ಲ.