ಮಳೆಯನ್ನು ತಡೆಯದ ಮಾಂತ್ರಿಕರು
(ವಾಚನಾಲಯದ ಭಾನುವಾರದ ಕೂಟದಲ್ಲಿ ಮಾಡಿದ ಭಾಷಣ)



ನಾನು ಇಂದು ಮಾಂತ್ರಿಕರ ಸಂಘವೊಂದರ ವಿಷಯ ಮಾತನಾಡುವೆನೆಂದು ತಿಳಿದಾಗ ನಮ್ಮ ಹಿರಿಯ ಸದಸ್ಯರೊಬ್ಬರು, "ಏನಪ್ಪಾ, ದಿನವೆಲ್ಲ ದುಡಿದು ಬರುವವರಿಗೆ ಮಾಟಮಂತ್ರದ ಕಥೆಯೇ?" ಎಂದು ನಕ್ಕರು. ಅವರ ಪ್ರಶ್ನೆ ನ್ಯಾಯವಾದುದೇ. ಅದಕ್ಕೆ ಉತ್ತರ ಕೊಡುವುದೇ ಈ ಭಾಷಣದ ಉದ್ದೇಶ.

ಅಮೆರಿಕದ ಲೇಖಕಿ ಅರ್ಸುಲಾ ಲೆ ಗ್ವಿನ್ (1929–2018) ಅವರು 'ಅರ್ಥ್‌ಸೀ' ಎಂಬ ದ್ವೀಪಲೋಕವೊಂದನ್ನು ಕಲ್ಪಿಸಿದರು. ಅದರ ಮೊದಲ ಕಾದಂಬರಿ 'ಎ ವಿಜರ್ಡ್ ಆಫ್ ಅರ್ಥ್‌ಸೀ' 1968ರಲ್ಲಿ ಪ್ರಕಟವಾಯಿತು. ಆ ಲೋಕದ ರೋಕ್ ಎಂಬ ದ್ವೀಪದಲ್ಲಿ ಮಾಂತ್ರಿಕರ ವಿದ್ಯಾಪೀಠವಿದೆ. ಒಂಬತ್ತು ಮಂದಿ ಗುರುಗಳು, ಅವರ ಮೇಲೊಬ್ಬ ಮಹಾಗುರು. ಗಾಳಿಮಳೆಯ ವಿದ್ಯೆಗೆ ಒಬ್ಬರು, ಗಿಡಮೂಲಿಕೆಗೆ ಒಬ್ಬರು, ವಸ್ತುಗಳ ನಿಜನಾಮಕ್ಕೆ ಒಬ್ಬರು. ಬಾಗಿಲು ಕಾಯುವವರೂ ಅಲ್ಲಿ ಗುರುಗಳೇ ಎಂಬುದನ್ನು ತಾವು ಗಮನಿಸಬೇಕು. ಜಗತ್ತಿನ ಸಮತೋಲವನ್ನು ಕಾಯುವುದು ಇವರೆಲ್ಲರ ಕರ್ತವ್ಯ.

ಹೇಗೆ ಕಾಯುತ್ತಾರೆ? ಬಹುಮಟ್ಟಿಗೆ, ಸುಮ್ಮನಿದ್ದು! ಗೆಡ್ ಎಂಬ ವಿದ್ಯಾರ್ಥಿ ಒಬ್ಬ ಗುರುವನ್ನು ಕೇಳುತ್ತಾನೆ: "ಕಲ್ಲನ್ನು ರತ್ನದಂತೆ ತೋರಿಸುವುದನ್ನು ಕಲಿಸಿದಿರಿ, ಅದನ್ನು ನಿಜವಾಗಿಯೂ ರತ್ನ ಮಾಡುವುದು ಹೇಗೆ?" ಗುರುವಿನ ಉತ್ತರದ ತಾತ್ಪರ್ಯ ಇಷ್ಟು: ಹಾಗೆ ಮಾಡಬೇಕಾದರೆ ಕಲ್ಲಿನ ನಿಜನಾಮವನ್ನೇ ಬದಲಿಸಬೇಕು; ಹೆಸರು ಬದಲಾದರೆ ಅಷ್ಟರಮಟ್ಟಿಗೆ ಜಗತ್ತೇ ಬದಲಾಗುತ್ತದೆ. ಅದರಿಂದ ಮುಂದೆ ಆಗುವ ಒಳಿತುಕೆಡುಕುಗಳನ್ನು ಅರಿಯದೆ ಒಂದು ಮರಳಿನ ಕಣವನ್ನೂ ಮುಟ್ಟಬಾರದು. ಇಲ್ಲಿ ಕರೆದ ಮಳೆ ಇನ್ನೊಂದು ಕಡೆಯ ಬರಗಾಲವಾದೀತು.

ಇದು ನಮಗೆ ತಿಳಿಯದ ಮಾತಲ್ಲ. ಊರಿಗೆ ಫೋನು ಮಾಡಿದಾಗ "ಮಳೆ ಬಂತೇ?" ಎಂದು ಆಸೆಯಿಂದ ಕೇಳುವವರೂ ನಾವೇ, ಮರುದಿನ ಬೆಳಿಗ್ಗೆ ಈ ಮುಂಬಯಿಯಲ್ಲಿ "ಮಳೆ ನಿಂತು ರೈಲು ಓಡಿದರೆ ಸಾಕಪ್ಪಾ" ಎನ್ನುವವರೂ ನಾವೇ. ಮಳೆಯ ಬೀಗದ ಕೈ ನಮ್ಮ ಕೈಗೆ ಸಿಕ್ಕಿದ್ದರೆ ಏನಾಗುತ್ತಿತ್ತು, ಯೋಚಿಸಿ! ಗೆಡ್‌ನ ಮೊದಲ ಗುರು ಓಗಿಯನ್ ಮೋಡವನ್ನು ಸರಿಸಬಲ್ಲ ಮಾಂತ್ರಿಕ. ಆದರೂ ಮಳೆ ಬಂದಾಗ ಆತ ದಟ್ಟವಾದ ಮರವೊಂದನ್ನು ಹುಡುಕಿ ಅದರ ಕೆಳಗೆ ಮಲಗುತ್ತಾನೆ. ನೆನೆದ ಹುಡುಗನಿಗೆ ಸಿಟ್ಟು: ಬಳಸದ ಶಕ್ತಿ ಇದ್ದರೆಷ್ಟು, ಬಿಟ್ಟರೆಷ್ಟು?

ಗೆಡ್ ಹಳ್ಳಿಯ ಕಮ್ಮಾರನ ಮಗ, ಆಡು ಕಾಯ್ದವನು, ಕೂಸಾಗಿದ್ದಾಗಲೇ ತಾಯಿಯನ್ನು ಕಳೆದುಕೊಂಡವನು. ಹಡಗು ಹತ್ತಿ ರೋಕ್‌ಗೆ ಬಂದಾಗ ದೊಡ್ಡ ಮನೆತನದ ಸಹಪಾಠಿಯೊಬ್ಬನ ಕುಹಕದ ಮಾತು ಅವನನ್ನು ಚುಚ್ಚುತ್ತದೆ. ಹಳ್ಳಿಯಿಂದ ಬಂದು ಹೊಸ ಕಚೇರಿಯಲ್ಲಿ ಕುಳಿತವರಿಗೆ ಆ ನೋವು ಗೊತ್ತು. "ನಾನೇನು ಕಡಿಮೆ" ಎಂದು ತೋರಿಸಲು ಒಂದು ರಾತ್ರಿ ಗೆಡ್ ಸತ್ತವಳೊಬ್ಬಳ ಆತ್ಮವನ್ನು ಕರೆಯುತ್ತಾನೆ. ಜಗತ್ತಿನಲ್ಲಿ ಬಿರುಕು ಬಿಟ್ಟು ಒಂದು ಕರಿನೆರಳು ಒಳನುಗ್ಗುತ್ತದೆ. ಬಿರುಕು ಮುಚ್ಚಲು ಮಹಾಗುರು ತನ್ನ ಶಕ್ತಿಯನ್ನೆಲ್ಲ ವ್ಯಯಿಸಿ ಪ್ರಾಣ ಬಿಡುತ್ತಾನೆ. ಹುಡುಗನೊಬ್ಬನ ಜಂಬಕ್ಕೆ ತೆತ್ತ ಬೆಲೆ ಅದು.

ಗಾಯಗೊಂಡು ತಲೆತಗ್ಗಿಸಿದ ಗೆಡ್‌ಗೆ ವೆಚ್ ಎಂಬ ಸ್ನೇಹಿತ ತನ್ನ ನಿಜನಾಮವನ್ನು ಹೇಳುತ್ತಾನೆ. ಆ ಲೋಕದಲ್ಲಿ ನಿಜನಾಮ ಕೊಡುವುದೆಂದರೆ ಪ್ರಾಣವನ್ನೇ ಕೈಗಿಟ್ಟಂತೆ. ಕೊನೆಗೆ ಗೆಡ್ ಸಮುದ್ರದಾಚೆ ಆ ನೆರಳನ್ನು ಎದುರಿಸಿದಾಗಲೂ ಜೊತೆಗಿದ್ದವನು ವೆಚ್ ಒಬ್ಬನೇ. ಗೆಡ್ ನೆರಳನ್ನು ಅದರ ಹೆಸರಿನಿಂದ ಕರೆಯುತ್ತಾನೆ. ಆ ಹೆಸರು 'ಗೆಡ್' ಎಂದೇ! ತಪ್ಪು ತನ್ನದೆಂದು ಒಪ್ಪಿಕೊಂಡ ಮೇಲೆಯೇ ಅವನು ಪೂರ್ಣ ಮನುಷ್ಯನಾದದ್ದು.

ಕಥೆ ಇಲ್ಲಿಗೆ ಮುಗಿದಿದ್ದರೆ ಇದೊಂದು ನೀತಿಕಥೆಯಾಗುತ್ತಿತ್ತು. ಆದರೆ ಆ ಸಂಘದಲ್ಲಿಯೇ ಒಂದು ದೋಷವಿತ್ತು. ರೋಕ್‌ನ ಬಾಗಿಲು ಹೆಣ್ಣುಮಕ್ಕಳಿಗೆ ಮುಚ್ಚಿತ್ತು. ಲೇಖಕಿಯೇ ಅದನ್ನು ಹಾಗೆ ಬರೆದಿದ್ದರು. 22 ವರ್ಷಗಳ ನಂತರ, 1990ರಲ್ಲಿ, 'ಟೆಹಾನು' ಎಂಬ ಕಾದಂಬರಿಯಲ್ಲಿ ಅವರು ಅದೇ ಲೋಕವನ್ನು ಹೊಲಮನೆಯ ವಿಧವೆಯೊಬ್ಬಳ ಕಣ್ಣಿನಿಂದ ನೋಡಿದರು. 2001ರ ಕಥೆಗಳಲ್ಲಿ ಇನ್ನೂ ಮುಂದೆ ಹೋದರು: ಆ ವಿದ್ಯಾಪೀಠವನ್ನು ಕಟ್ಟಿದವರಲ್ಲಿ ಹೆಂಗಸರೂ ಇದ್ದರು, ಅವರನ್ನು ಹೊರಗಿಟ್ಟದ್ದು ಆಮೇಲೆ. ಅದೇ ವರ್ಷದ 'ದಿ ಅದರ್ ವಿಂಡ್' ಕಾದಂಬರಿಯಲ್ಲಿ, ಸಾವನ್ನು ಗೆಲ್ಲುವ ಆಸೆಯಿಂದ ಹಿಂದಿನ ಮಾಂತ್ರಿಕರೇ ಲೋಕದ ಸಮತೋಲವನ್ನು ಕೆಡಿಸಿದ್ದರೆಂಬುದು ಬಯಲಾಗುತ್ತದೆ. ತಕ್ಕಡಿ ಕಾಯುವವರ ಕೈಯೇ ತಕ್ಕಡಿಯ ಮೇಲಿತ್ತು!

ಬಂಧುಗಳೇ, ಈಗ ಹಿರಿಯರ ಪ್ರಶ್ನೆಗೆ ಉತ್ತರ. ನಮ್ಮದೂ ಒಂದು ಸಂಘ. ಭಾಷೆಯನ್ನು ಕಾಯುತ್ತೇವೆಂದು ಹೇಳಿಕೊಳ್ಳುತ್ತೇವೆ. ಬಾಗಿಲಲ್ಲಿ 'ಎಲ್ಲರಿಗೂ ಉಚಿತ' ಎಂಬ ಫಲಕವಿದೆ. ಆದರೆ ಇಂದು ಈ ಸಭೆಯಲ್ಲಿ ಎಷ್ಟು ಮಂದಿ ಮಹಿಳೆಯರಿದ್ದಾರೆ, ತಾವೇ ಎಣಿಸಿ ನೋಡಿ. ವಾಚನಾಲಯ ತೆರೆಯುವುದು ಸಂಜೆ ಆರರಿಂದ ಎಂಟರವರೆಗೆ. ನಮ್ಮ ಮನೆಗಳಲ್ಲಿ ಒಲೆ ಉರಿಯುವುದೂ ಆಗಲೇ. ಯಾರೂ ನಿಷೇಧ ಹೇರಲಿಲ್ಲ, ಆದರೂ ಬಾಗಿಲು ಮುಚ್ಚಿದಂತೆಯೇ ಆಯಿತು. ಮನೆಯಲ್ಲಿ ಮಕ್ಕಳಿಗೆ ಕನ್ನಡ ಕಲಿಸುತ್ತಿರುವವರೇ ಇಲ್ಲಿಗೆ ಬರಲಾರದೆ ಹೋದರೆ, ನಾವು ಕಾಯುತ್ತಿರುವುದಾದರೂ ಏನನ್ನು?

ಕೊನೆಯದಾಗಿ ಒಂದು ಪ್ರಸಂಗ. ವಿದ್ಯೆ ಮುಗಿಸಿ ರೋಕ್‌ನಿಂದ ಹೊರಡುವವನು ಬಾಗಿಲು ಕಾಯುವ ಗುರುವಿನ ನಿಜನಾಮವನ್ನು ತಿಳಿದುಕೊಳ್ಳಬೇಕು. ಗೆಡ್ ಬಹಳ ಹೊತ್ತು ಕುಳಿತು ಯೋಚಿಸಿದ. ಯಾವ ಮಂತ್ರವೂ ಯಾವ ತಂತ್ರವೂ ನಡೆಯದೆಂದು ಅರಿತ. ಕಡೆಗೆ ವಿನಯದಿಂದ, "ತಮ್ಮ ಹೆಸರೇನು?" ಎಂದು ಕೇಳಿದ. ಗುರು ನಕ್ಕು ಹೇಳಿಬಿಟ್ಟರು.

ನಾವೂ ಇಂದು ಮನೆಗೆ ಹೋಗಿ, "ನಿಮಗೆ ಯಾವ ಹೊತ್ತು ಅನುಕೂಲ?" ಎಂದು ಕೇಳೋಣ. ಅವರು ಹೇಳಿದ ಹೊತ್ತನ್ನು ಮುಂದಿನ ಸಭೆಯಲ್ಲಿ ಗೊತ್ತುಮಾಡೋಣ.